ಕ್ಯಾಮೆರಾ ಹಿಂದಿನ ಕೆಲಸಕ್ಕೆ ಗದಗಿನಿಂದ ದಾರಿ ಯಾವುದು? ಅನುಭವ ಇದ್ದವರು ಹೇಳಿ

ಪ್ರಶ್ನೆ: ನಮಸ್ಕಾರ. ನಾನು ಗದಗ-ಬೆಟಗೇರಿಯವನು. ಬಿಕಾಂ ಮುಗಿದು ಎರಡು ವರ್ಷ ಆಯ್ತು. ಅಪ್ಪನದು ಪೆಂಡಾಲು, ಭಾಂಡೆ ಬಾಡಿಗೆ ಕೊಡೋ ವ್ಯಾಪಾರ. ಹೋದ ವರ್ಷ ನಮ್ಮ ಕಡೆ ಸಿನಿಮಾ ಶೂಟಿಂಗ್ ನಡೆದಾಗ ಕುರ್ಚಿ, ಟೇಬಲ್ ನಾವೇ ಕೊಟ್ಟಿದ್ದೆವು. ಎಲ್ಲರೂ ಹೀರೋನ ನೋಡ್ತಿದ್ದರೆ ನಾನು ಬೇರೆ ಒಬ್ಬರನ್ನು ನೋಡ್ತಾ ನಿಂತಿದ್ದೆ. ಕೈಯಲ್ಲಿ ಎರಡು ಫೋನು, ಹೆಗಲಲ್ಲಿ ಒಂದು ಚೀಲ. ಯಾರಿಗೆ ಏನು ಬೇಕಾದರೂ ಅವರ ಹತ್ತಿರವೇ ಬರುತ್ತಿದ್ದರು. ಅವರು ಪ್ರೊಡಕ್ಷನ್ ಮ್ಯಾನೇಜರ್ ಅಂತ ಆಮೇಲೆ ಗೊತ್ತಾಯ್ತು. ನನಗೂ ಆ ಕೆಲಸ ಬೇಕು. ಮುಂದೆ ನಿರ್ಮಾಣಕ್ಕೂ ಇಳಿಯೋ ಆಸೆ ಇದೆ. ಮನೆಯಲ್ಲಿ ಬ್ಯಾಂಕ್ ಪರೀಕ್ಷೆ ಬರಿ ಅಂತಾರೆ. ಬೆಂಗಳೂರಿಗೆ ಹೋಗಿ ಗಾಂಧಿನಗರದಲ್ಲಿ ಅಲೆಯಬೇಕಾ? ಕೋರ್ಸ್ ಮಾಡಬೇಕಾ? ಗೊತ್ತಿದ್ದವರು ತಿಳಿಸಿ.

ಹುಬ್ಬಳ್ಳಿಯಿಂದ ಒಬ್ಬ ಪ್ರೊಡಕ್ಷನ್ ಮ್ಯಾನೇಜರ್:

ತಮ್ಮಾ, ನೀನು ನೋಡಿದ್ದು ಸರಿಯಾದ ಮನುಷ್ಯನನ್ನೇ. ಆ ಚೀಲದಲ್ಲಿ ಏನಿತ್ತು ಅಂತ ನೋಡಿದ್ಯಾ? ನನ್ನ ಚೀಲದಲ್ಲಿ ಇರೋದು ವೋಚರ್ ಪುಸ್ತಕ, ಆ ದಿನ ಯಾರು ಎಷ್ಟೊತ್ತಿಗೆ ಎಲ್ಲಿ ಬರಬೇಕು ಅಂತ ಬರೆದ ಕಾಲ್‌ಶೀಟ್, ಪರ್ಮಿಷನ್ ಪತ್ರಗಳ ಝೆರಾಕ್ಸ್, ಒಂದಿಷ್ಟು ಚಿಲ್ಲರೆ, ತಲೆನೋವಿನ ಗುಳಿಗೆ. ಗುಳಿಗೆ ಬೇರೆಯವರಿಗೆ ಅಂತ ಇಟ್ಟಿರ್ತೀನಿ, ಅರ್ಧ ನಾನೇ ನುಂಗ್ತೀನಿ.

ನಾನು ಶುರು ಮಾಡಿದ್ದು ಧಾರವಾಡದಲ್ಲಿ ಒಂದು ಧಾರಾವಾಹಿಗೆ ಚಹಾ ಕೊಡೋದರಿಂದ. ಪ್ರೊಡಕ್ಷನ್ ಬಾಯ್ ಅಂತಾರೆ. ಯಾರಿಗೆ ಸಕ್ಕರೆ ಬೇಡ, ಯಾರು ಊಟಕ್ಕೆ ತಡವಾಗಿ ಬರ್ತಾರೆ, ಎಲ್ಲ ನೆನಪಿಟ್ಟುಕೊಂಡೆ. ಒಂದು ದಿನ ಕ್ಯಾಷಿಯರ್ ಊರಿಗೆ ಹೋದಾಗ ಲೆಕ್ಕ ನನ್ನ ಕೈಗೆ ಬಂತು. ಸಂಜೆ 11 ರೂಪಾಯಿ ಕಡಿಮೆ ಬಂತು. ರಾತ್ರಿ ಹನ್ನೆರಡರ ತನಕ ಕೂತು ಹುಡುಕಿದೆ. ಹೂವಿನವಳಿಗೆ ಕೊಟ್ಟು ಬರೆಯೋದು ಮರೆತಿದ್ದೆ. ಮುಂದಿನ ಸಿನಿಮಾಕ್ಕೆ ನನ್ನನ್ನು ಕರೆದದ್ದು ಆ 11 ರೂಪಾಯಿಗೆ. ಆಮೇಲೆ ಅಸಿಸ್ಟೆಂಟ್, ಆಮೇಲೆ ಮ್ಯಾನೇಜರ್. ಕೆಲವರು ಅಲ್ಲಿಂದ ನಿರ್ಮಾಪಕರ ಪರವಾಗಿ ಇಡೀ ಕೆಲಸ ನೋಡಿಕೊಳ್ಳೋ ಎಕ್ಸಿಕ್ಯುಟಿವ್ ಪ್ರೊಡ್ಯೂಸರ್ ಆಗ್ತಾರೆ, ಕೈಯಲ್ಲಿ ರೊಕ್ಕ ಅಥವಾ ರೊಕ್ಕ ಹಾಕೋರು ಸಿಕ್ಕರೆ ನಿರ್ಮಾಪಕರೂ ಆಗ್ತಾರೆ. ನಾನು ಆಗಲಿಲ್ಲ, ಅದು ಬೇರೆ ಕತೆ.

ಈಗ ಕೆಲಸದ ವಿಷಯ. ಸ್ಕ್ರಿಪ್ಟ್ ಕೈಗೆ ಬಂದರೆ ಅದನ್ನು ಕಿರಾಣಿ ಚೀಟಿ ಓದಿದ ಹಾಗೆ ಓದಬೇಕು. ‘ಮಳೆಯಲ್ಲಿ ಅಜ್ಜ ಚಕ್ಕಡಿ ಹೊಡೆದುಕೊಂಡು ಬರುತ್ತಾನೆ’ ಅಂತ ಒಂದೇ ಸಾಲು ಇರುತ್ತೆ. ನಮಗೆ ಅದು ನೀರಿನ ಟ್ಯಾಂಕರ್, ಪಂಪು, ಚಕ್ಕಡಿ, ಒಂದು ಜೋಡಿ ಎತ್ತು, ಎತ್ತಿನ ಮಾಲೀಕ, ಅಜ್ಜನಿಗೆ ಒಂದೇ ಥರದ ಬಟ್ಟೆ ಮೂರು ಜೊತೆ, ಟವೆಲ್ಲು, ಬಿಸಿ ಚಹಾ. ಮೇಲೆ ಭಾರತೀಯ ಪ್ರಾಣಿ ಕಲ್ಯಾಣ ಮಂಡಳಿಯ ಅನುಮತಿ. ಅದರ ಕಚೇರಿ ಇರೋದು ಹರಿಯಾಣದ ಬಲ್ಲಭಗಢದಲ್ಲಿ. ಶೂಟಿಂಗಿಗೆ ಮೊದಲೇ ಅರ್ಜಿ ಹಾಕಿರಬೇಕು, ಇಲ್ಲದಿದ್ದರೆ ಸೆನ್ಸಾರ್ ಹೊತ್ತಿಗೆ ಸೀನು ಕುತ್ತಿಗೆಗೆ ಬರುತ್ತೆ. ಎತ್ತು ನಮ್ಮ ಕಾಕಾನದೇ ರೀ ಅಂದರೆ ಅಲ್ಲಿ ಯಾರೂ ಕೇಳಲ್ಲ.

ಹೀಗೆ ಒಂದೊಂದು ಸೀನೂ ಬಿಡಿಸಿ ಬರೆದ ಮೇಲೆ ಕತೆಯ ಕ್ರಮ ಬಿಟ್ಟು ಜಾಗದ ಪ್ರಕಾರ ಜೋಡಿಸ್ತೀವಿ. ಒಂದೇ ಮನೆಯಲ್ಲಿ ನಡೆಯೋ 3, 41, 87ನೇ ಸೀನು ಒಟ್ಟಿಗೆ. ಅದರಲ್ಲಿ ಮತ್ತೆ ಹಗಲು, ರಾತ್ರಿ, ನಟರ ಡೇಟು. ಇಷ್ಟೂ ಹೊಂದಿದರೆ ಶೆಡ್ಯೂಲ್. ಹೊಂದಿತು ಅಂದುಕೊಂಡ ರಾತ್ರಿಯೇ ಯಾರಿಗೋ ಜ್ವರ ಬಂದಿರುತ್ತೆ.

ನಾನು ಮಾಡಿದ ದೊಡ್ಡ ತಪ್ಪು ಹೇಳ್ತೀನಿ. ಡಿಸೆಂಬರ್‌ನಲ್ಲಿ ನರಗುಂದದ ಕಡೆ ಲೊಕೇಶನ್ ನೋಡೋಕೆ ಹೋಗಿದ್ದೆವು. ಎರೆಹೊಲ, ಆಳೆತ್ತರ ಬಿಳಿಜೋಳ, ಗಾಳಿಗೆ ತೆನೆ ಓಲಾಡ್ತಿವೆ. ಡೈರೆಕ್ಟರ್ ಅಲ್ಲೇ ಕುಣಿದುಬಿಟ್ಟರು. ಹೀರೋ ಡೇಟ್ ಸಿಕ್ಕಿದ್ದು ಮಾರ್ಚ್ ಕೊನೆಗೆ. ಯೂನಿಟ್ ಸಮೇತ ಹೋಗಿ ಇಳಿದರೆ ಹೊಲದಲ್ಲಿ ಬರೀ ಕೂಳೆ. ಮೂಲೆಯಲ್ಲಿ ಕಣಿಕೆ ಬಣವೆ ಒಟ್ಟಿದ್ದರು. ಹೊಲದ ಯಜಮಾನರು ನನ್ನ ಮುಖ ನೋಡಿ, ‘ಜ್ವಾಳ ನಿಮ್ಮ ಹೀರೋನ ಹಾದಿ ಕಾಯ್ತದೇನ್ರಿ?’ ಅಂದರು. ಹಿಂಗಾರಿ ಜೋಳ ಯಾವಾಗ ಕೀಳ್ತಾರೆ ಅಂತ ಈ ಭಾಗದಲ್ಲಿ ಹುಟ್ಟಿದ ನನಗೇ ತಲೆಗೆ ಹೊಳೆಯಲಿಲ್ಲ ನೋಡು. ಸೀನನ್ನು ಬಣವೆ ಪಕ್ಕ ರಾತ್ರಿಗೆ ಬದಲಾಯಿಸಿದರು. ಡೈರೆಕ್ಟರ್ ಎರಡು ದಿನ ನನ್ನ ಜೊತೆ ಮಾತಾಡಲಿಲ್ಲ.

ಅವತ್ತಿನಿಂದ ನನ್ನ ಡೈರಿಯಲ್ಲಿ ನಟರ ಡೇಟಿನ ಪಕ್ಕ ಬಿತ್ತನೆ, ಕಟಾವು, ಜಾತ್ರೆ ಎಲ್ಲ ಇರುತ್ತೆ. ಬ್ಯಾಡಗಿ ಕಡೆ ಮೆಣಸಿನಕಾಯಿ ಸೀಜನ್‌ನಲ್ಲಿ ಲಾರಿ ಕೇಳಿದರೆ ನಗ್ತಾರೆ. ಏಪ್ರಿಲ್, ಮೇ ಸಂಜೆ ಧಾರವಾಡದಲ್ಲಿ ಅಡ್ಡಮಳೆ ಹೊಡೆಯುತ್ತೆ, ಹೊರಗಿನ ಸೀನು ಬೆಳಿಗ್ಗೆಯೇ ಮುಗಿಸಿಕೋ. ಬೆಂಗಳೂರಿನ ಮ್ಯಾನೇಜರಿಗೆ ಇದು ಗೊತ್ತಿರಲ್ಲ. ನಿನ್ನ ಹತ್ತಿರ ಮಾರೋಕೆ ಇರೋದು ಇದೇ.

ಇನ್ನು ಪರ್ಮಿಷನ್. ಇಲ್ಲಿ ಜಾಗಕ್ಕೊಬ್ಬ ಯಜಮಾನ. ರೈಲು, ಸ್ಟೇಷನ್ ಬೇಕಾದರೆ ನೈಋತ್ಯ ರೈಲ್ವೆ, ಅದರ ಕೇಂದ್ರ ಕಚೇರಿ ನಮ್ಮ ಹುಬ್ಬಳ್ಳಿಯಲ್ಲೇ ಇರೋದು ಪುಣ್ಯ. (1507 ಮೀಟರಿನ ಪ್ಲಾಟ್‌ಫಾರ್ಮ್ ಇದೆ ಅಂತ ನಾಯಕಿಯನ್ನು ಈ ತುದಿಯಿಂದ ಆ ತುದಿಗೆ ಓಡಿಸೋಣ ಅಂತ ಒಬ್ಬ ಡೈರೆಕ್ಟರ್ ಹಟ ಹಿಡಿದಿದ್ದರು. ಓಡೋಳು ನಾಯಕಿ, ಟ್ರಾಲಿ ಹೊರೋರು ನಾವು.) ಕಪ್ಪತಗುಡ್ಡಕ್ಕೆ ಅರಣ್ಯ ಇಲಾಖೆ. ಡ್ರೋನ್ ಹಾರಿಸೋದಾದರೆ ವಿಮಾನ ನಿಲ್ದಾಣದ ಸುತ್ತ ಹಾರಿಸಬಹುದಾದ ವಲಯ ಯಾವುದು ಅಂತ ಸರಕಾರದ ‘ಡಿಜಿಟಲ್ ಸ್ಕೈ’ ಆನ್‌ಲೈನ್ ನಕ್ಷೆಯಲ್ಲಿ ಮೊದಲು ನೋಡಬೇಕು. ಲಕ್ಕುಂಡಿಗೆ ಪುರಾತತ್ವ ಇಲಾಖೆ, ಅದರ ವಲಯ ಕಚೇರಿ ಧಾರವಾಡದಲ್ಲಿದೆ.

ಲಕ್ಕುಂಡಿಯಲ್ಲಿ ಒಮ್ಮೆ ಪತ್ರ ಎಲ್ಲ ಸರಿ ಇತ್ತು. ಬೆಳಿಗ್ಗೆ ಆರಕ್ಕೆ ಆರ್ಟ್ ಡಿಪಾರ್ಟ್‌ಮೆಂಟ್ ಹುಡುಗ ಗುಡಿಯ ಕಂಬಕ್ಕೆ ತೋರಣ ಕಟ್ಟೋಕೆ ಹಗ್ಗ ಸುತ್ತಿದ. ಕಡೆದು ಕನ್ನಡಿ ಹಾಗೆ ಹೊಳೆಯೋ ಚಾಲುಕ್ಯರ ಕಾಲದ ಕಂಬ ಅದು. ಕಾವಲುಗಾರ ಓಡಿ ಬಂದ. ‘ಸಾಹೇಬ್ರ, ಪತ್ರದಾಗ ಏನ್ ಬರದದ ಒಮ್ಮೆ ಓದ್ರಿ.’ ನನ್ನ ಕೈಯಲ್ಲೇ ಇದ್ದ ಪತ್ರ ನಾನೇ ಪೂರ್ತಿ ಓದಿರಲಿಲ್ಲ. ಕಲ್ಲಿಗೆ ಏನೂ ತಾಗುವ ಹಾಗಿಲ್ಲ ಅಂತ ಷರತ್ತಿತ್ತು. ಗದಗಿನಿಂದ ಬಿದಿರು ತರಿಸಿ ಬೇರೆ ಚೌಕಟ್ಟು ನಿಲ್ಲಿಸೋ ಹೊತ್ತಿಗೆ ಹನ್ನೊಂದು ಗಂಟೆ. ಬೆಳಗಿನ ಬಿಸಿಲು ಹೋಯ್ತು, ಯೂನಿಟ್ಟಿನ ಅರ್ಧ ದಿನದ ಖರ್ಚೂ ಹೋಯ್ತು. ನಿಮ್ಮದೇ ಪೆಂಡಾಲಿನ ಗಳ ಇದ್ದಿದ್ದರೆ ಎಂಟಕ್ಕೇ ಮುಗೀತಿತ್ತೇನೋ.

ಗಾಂಧಿನಗರಕ್ಕೆ ಹೋಗಲೇಬೇಡ ಅನ್ನಲ್ಲ. ಸಿನಿಮಾದವರ ಸಂಘ ಫಿಲ್ಮ್ ಚೇಂಬರ್ ಬೆಂಗಳೂರಲ್ಲೇ ಇದೆ, ಸಿನಿಮಾದ ಟೈಟಲ್ ನೋಂದಣಿ ಅಲ್ಲಾಗಬೇಕು. ಆದರೆ ಬೆಂಗಳೂರಲ್ಲಿ ನೀನು ನೂರರಲ್ಲಿ ಒಬ್ಬ. ಕ್ಯಾಮೆರಾ, ಲೈಟು, ಜನರೇಟರ್ ಗಾಡಿ ಅಲ್ಲಿಂದ 400 ಕಿಲೋಮೀಟರ್ ಬರಬೇಕು. ಬಂದು ಹೋಗೋ ದಿನಕ್ಕೂ ಬಾಡಿಗೆ, ಕೆಲಸಗಾರರ ದಿನಭತ್ಯೆ (ಬಾಟಾ) ಎಣಿಸ್ತಾರೆ. ಹಾಗಾಗಿ ಇಲ್ಲೇ ಸಿಗೋದನ್ನು ಇಲ್ಲೇ ಹೊಂದಿಸಿಕೊಡೋ ಹುಡುಗ ಸಿಕ್ಕರೆ ಯಾವ ನಿರ್ಮಾಪಕನೂ ಬಿಡಲ್ಲ. ಹಾಗೆ ನೋಡಿದರೆ ಮೊದಲ ಕನ್ನಡ ಟಾಕಿ ‘ಸತಿ ಸುಲೋಚನ’ 1934ರಲ್ಲಿ ತಯಾರಾಗಿದ್ದು ಕೊಲ್ಹಾಪುರದಲ್ಲಿ. ನಮಗೆ ಬೆಂಗಳೂರಿಗಿಂತ ಅದೇ ಹತ್ತಿರ!

ಧಾರವಾಡದಿಂದ ಒಬ್ಬರು, ಕ್ಯಾಷಿಯರ್ ಆಗಿ ಬಂದು ಈಗ ಮ್ಯಾನೇಜರ್:

ಅಣ್ಣಾವ್ರು ಹೇಳಿದ್ದು ಸರಿ. ನಾನು ಬಿಕಾಂ ಬಗ್ಗೆ ಹೇಳ್ತೀನಿ. ನಿನ್ನ ಬಿಕಾಂ ಇಲ್ಲಿ ನಿಜವಾಗ್ಲೂ ಕೆಲಸಕ್ಕೆ ಬರುತ್ತೆ ತಮ್ಮಾ. ಒಬ್ಬರಿಗೆ ಒಂದೇ ದಿನ 10,000 ಮೀರಿ ನಗದು ಕೊಟ್ಟರೆ ತೆರಿಗೆ ಲೆಕ್ಕದಲ್ಲಿ ಅದನ್ನು ಖರ್ಚು ಅಂತ ಒಪ್ಪಲ್ಲ. ವರ್ಷಕ್ಕೆ 50,000 ಮೀರಿ ಯಾರಿಗೆ ಕೊಟ್ಟರೂ ನಿರ್ಮಾಪಕರು ಆ ವಿವರವನ್ನು ಆದಾಯ ತೆರಿಗೆ ಇಲಾಖೆಗೆ ಸಲ್ಲಿಸಬೇಕು. ಸೆಟ್ಟಿನಲ್ಲಿ ಇದು ಗೊತ್ತಿರೋರು ಕಡಿಮೆ. ಸಿಗರೇಟ್ ಪ್ಯಾಕಿನ ಹಿಂದೆ ಬರೆದ ಬಿಲ್ಲೂ ನನ್ನ ಕೈಗೆ ಬಂದಿದೆ.

ಕೋರ್ಸ್ ಬಗ್ಗೆ: ಕೋಲ್ಕತ್ತದ ಸತ್ಯಜಿತ್ ರೇ ಫಿಲ್ಮ್ ಸಂಸ್ಥೆಯಲ್ಲಿ ನಿರ್ಮಾಣಕ್ಕೆ ಅಂತಲೇ ಕೋರ್ಸ್ ಇದೆ, ಪದವಿ ಆದವರಿಗೆ. ಪ್ರವೇಶ ಪರೀಕ್ಷೆ ಬರೀಬೇಕು. ಮನೆಯವರಿಗೆ ಪರೀಕ್ಷೆ ಬರೆದರೆ ಸಾಕು ಅಂತಿದ್ದರೆ ಇದನ್ನೂ ಬರಿ, ಅವರಿಗೂ ಸಮಾಧಾನ.

ಇನ್ನೊಂದು ಮಾತು. ಲೊಕೇಶನ್ ನೋಡೋಕೆ ಹೋದಾಗ ಎಲ್ಲರೂ ಬೆಳಕು ನೋಡ್ತಾರೆ. ನಾನು ಮೊದಲು ನೋಡೋದು ಹೆಣ್ಣುಮಕ್ಕಳಿಗೆ ಶೌಚಾಲಯ ಎಲ್ಲಿದೆ, ಬಟ್ಟೆ ಬದಲಾಯಿಸೋ ಕೋಣೆಗೆ ಚಿಲಕ ಇದೆಯಾ ಅಂತ. ನಾನು ಹೊಸಬಳಿದ್ದಾಗ ಹಾವೇರಿ ಕಡೆ ಒಂದು ಹಳ್ಳಿಯಲ್ಲಿ ಬೆಳಿಗ್ಗೆಯಿಂದ ಸಂಜೆ ತನಕ ನಾವು ಆರು ಜನ ನೀರು ಕುಡಿಯದೆ ಕಳೆದಿದ್ದೆವು. ಮ್ಯಾನೇಜರಿಗೆ ಅದು ತಲೆಯಲ್ಲೇ ಇರಲಿಲ್ಲ. ಹತ್ತು ಜನ ಕೆಲಸ ಮಾಡೋ ಜಾಗದಲ್ಲಿ ಲೈಂಗಿಕ ಕಿರುಕುಳದ ದೂರು ಕೇಳೋ ಸಮಿತಿ ಇರಬೇಕು ಅಂತ 2013ರ ಕಾನೂನು ಹೇಳುತ್ತೆ. ಸಿನಿಮಾ ಯೂನಿಟ್ಟೂ ಅದಕ್ಕೆ ಹೊರತಲ್ಲ. ಹೆಂಗಸರಿಗೆ ಈ ಕೆಲಸ ಆಗಲ್ಲ ಅನ್ನೋರು ಪಾರ್ವತಮ್ಮ ರಾಜ್‌ಕುಮಾರ್ ಅವರನ್ನು ನೆನಪಿಸಿಕೊಳ್ಳಲಿ.

ಹಾವೇರಿಯ ಒಬ್ಬ ಖಾನಾವಳಿ ಮಾಲೀಕರು:

ನಾನು ಸಿನಿಮಾದವನಲ್ಲ. ಮೂರು ಯೂನಿಟ್ಟಿಗೆ ಊಟ ಹಾಕಿದವನು, ಅಷ್ಟೇ. ಬೆಳಿಗ್ಗೆ ಐದಕ್ಕೆ 80 ಜನಕ್ಕೆ ಉಪ್ಪಿಟ್ಟು ಅಂತಾರೆ, 130 ಜನ ಬರ್ತಾರೆ. ಮಧ್ಯಾಹ್ನ ರೊಟ್ಟಿ, ಎಣ್ಣೆಗಾಯಿ ಬೇಕು, ಬೆಂಗಳೂರಿನವರಿಗೆ ಅನ್ನ ಸಾರು ಬೇರೆ. ಲೆಕ್ಕ ಕೇಳಿದರೆ ‘80 ಅಂದಿದ್ದೆವಲ್ಲ’ ಅಂತಾರೆ. ಅದಕ್ಕೆ ನಾನು ತಾಟು ಎಣಿಸೋಕೆ ಒಬ್ಬ ಹುಡುಗನನ್ನೇ ನಿಲ್ಲಿಸ್ತೀನಿ.

ಮೂರರಲ್ಲಿ ಒಬ್ಬ ಮ್ಯಾನೇಜರ್ ಮಾತ್ರ ದಿನಾ ರಾತ್ರಿ ಬಂದು, ತಾಟಿನ ಲೆಕ್ಕಕ್ಕೆ ಸಹಿ ಹಾಕಿ, ಅರ್ಧ ರೊಕ್ಕ ಕೊಟ್ಟು ಹೋಗ್ತಿದ್ದ. ಕೊನೆ ದಿನ ಕುಂಬಳಕಾಯಿ ಒಡೆದ ಮೇಲೆ ಉಳಿದದ್ದನ್ನೂ ತಂದುಕೊಟ್ಟ. ಅವನು ಈಗ ನಡುರಾತ್ರಿ ಫೋನ್ ಮಾಡಿದರೂ ಒಲೆ ಹಚ್ತೀನಿ. ಇನ್ನೊಬ್ಬ ‘ನಿರ್ಮಾಪಕರು ನಾಳೆ ಹಾಕ್ತಾರೆ’ ಅಂತ ಹೇಳಿ ಗಾಡಿ ಹತ್ತಿದವನು. ಆ ನಾಳೆ ಇನ್ನೂ ಬಂದಿಲ್ಲ.

ಹುಬ್ಬಳ್ಳಿಯಿಂದ ಇನ್ನೊಬ್ಬರು, ಆರು ವರ್ಷ ಮಾಡಿ ಬಿಟ್ಟವರು:

ನನಗೆ ಆಗಲಿಲ್ಲ. ಮಗಳು ಹುಟ್ಟಿದ ದಿನ ನಾನು ಜನರೇಟರಿಗೆ ಡೀಸೆಲ್ ಹುಡುಕ್ತಿದ್ದೆ. ಒಂದು ಸಿನಿಮಾ ಮುಗಿದರೆ ಮುಂದಿನದು ಯಾವಾಗ ಅಂತ ಗೊತ್ತಿರಲ್ಲ. ಅಪ್ಪನ ಅಂಗಡಿ ಬಿಡಬೇಡ, ಅದು ನಡೀತಿದ್ದರೆ ಖಾಲಿ ತಿಂಗಳು ದಾಟಬಹುದು.

ಪ್ರಶ್ನೆ ಕೇಳಿದವನು:

ಎಲ್ಲರಿಗೂ ಧನ್ಯವಾದ. ಖಾನಾವಳಿ ಕಾಕಾ ಬರೆದದ್ದು ಓದಿ ಅಪ್ಪನ ಲೆಕ್ಕದ ಪುಸ್ತಕ ತೆಗೆದು ನೋಡಿದೆ. ಆ ಶೂಟಿಂಗಿನ ಕುರ್ಚಿ, ಟೇಬಲ್ ಬಾಡಿಗೆ 4,200 ಇನ್ನೂ ಬಾಕಿ ಇದೆ. ಎರಡು ಕುರ್ಚಿ ಮುರಿದದ್ದು ಬೇರೆ.

ಹುಬ್ಬಳ್ಳಿಯ ಪ್ರೊಡಕ್ಷನ್ ಮ್ಯಾನೇಜರ್:

ಹಾಗಾದರೆ ಆ ಎರಡು ಫೋನಿನ ಮನುಷ್ಯನಿಗೆ ಇವತ್ತೇ ಫೋನ್ ಮಾಡು. ಜಗಳ ಬೇಡ. ತಾರೀಕು, ಕುರ್ಚಿ ಎಷ್ಟು, ಮುರಿದದ್ದೆಷ್ಟು, ಮೂರೂ ಹೇಳಿ ರೊಕ್ಕ ಕೇಳು. ಕೊಟ್ಟರೆ ಅವರ ಹತ್ತಿರವೇ ಕೆಲಸ ಕೇಳು. ಕೊಡದಿದ್ದರೆ ಆ ಪುಸ್ತಕ ತಗೊಂಡು ನನ್ನ ಹತ್ತಿರ ಬಾ. ಮುಂದಿನ ತಿಂಗಳು ಲಕ್ಕುಂಡಿಯಲ್ಲಿ ಮತ್ತೆ ಕೆಲಸ ಇದೆ, ಗಳ ಬೇಕು.