ಭಾವನ ತಾರಸಿ ನಡಿಗೆಗೆ ನನ್ನ ಉತ್ತರ

ಭಾವ, ನಿಮ್ಮ ಮೆಸೇಜು ನೋಡಿದೆ. ವಾಯ್ಸ್ ಹಾಕೋಣ ಅಂದರೆ ಬಸ್ಸಿನ ಗಲಾಟೆ, ಅದಕ್ಕೆ ಮಾತಾಡಿದ ಹಾಗೇ ಬರೆಯುತ್ತಿದ್ದೇನೆ, ಉದ್ದ ಆದರೆ ಬೈಯಬೇಡಿ.

ಪೊಸಡಿಗುಂಪೆ ಗುಡ್ಡಕ್ಕೆ ಇಷ್ಟು ಜನ ಜೀಪು ಮಾಡಿಕೊಂಡು ಹೋಗುವುದು ಯಾಕೆ, ಆರೋಗ್ಯಕ್ಕೆ ತಾರಸಿ ಮೇಲೆ ಅರ್ಧ ಗಂಟೆ ನಡೆದರೆ ಸಾಲದಾ ಅಂತ ಕೇಳಿದ್ದೀರಿ. ಕಾಲಿಗೆ ಸಾಕು ಮಾರಾಯ್ರೆ. ನನ್ನ ತಲೆಯಲ್ಲಿರುವುದು ದೊಡ್ಡಮ್ಮ. ಅವರು ಈ ಗ್ರೂಪಿನಲ್ಲಿಲ್ಲ, ಹಾಗಾಗಿ ಹೇಳಬಹುದು.

ದೊಡ್ಡಪ್ಪ ಹೋದ ಮೇಲೆ ಅವರ ಮಾತು ಎಷ್ಟು ಕಮ್ಮಿ ಆಯಿತು ಅಂತ ನಿಮಗೂ ಗೊತ್ತು. ಎದುರು ಕೂತು "ಹೇಗಿದ್ದೀರಿ" ಅಂದರೆ "ಹೀಗೇ ಇದ್ದೇನೆ", ಒಂದು ಚಾ, ಮುಗಿಯಿತು. ಕಳೆದ ಓಣಂ ರಜೆಯಲ್ಲಿ ಅನಂತಪುರದ ದೇವಸ್ಥಾನಕ್ಕೆ ಬಂದವರನ್ನು ಮಕ್ಕಳು ಹಠ ಮಾಡಿ ಹತ್ತಿರದ ಪದವಿಗೆ, ಅಂದರೆ ಕೆಂಪು ಮುರಕಲ್ಲಿನ ಬಯಲಿಗೆ, ಎಳೆದುಕೊಂಡು ಹೋದರು. ಮುರಕಲ್ಲಿನ ಗುಂಡಿಗಳಲ್ಲಿ ಮಳೆನೀರು, ಅಂಚಿಗೆಲ್ಲ ಪುಟ್ಟ ನೀಲಿ ಹೂ, ಉಗುರಿನಷ್ಟೂ ಇಲ್ಲ. ದೊಡ್ಡಮ್ಮ ಸೀರೆ ಎತ್ತಿ ಸಿಕ್ಕಿಸಿ ಕುಕ್ಕರುಗಾಲಲ್ಲಿ ಕೂತರು. ಒಂದು ಹೂ ಅಂಗೈಯಲ್ಲಿಟ್ಟುಕೊಂಡು, ಸಣ್ಣವಳಿದ್ದಾಗ ನೆರೆಮನೆಯ ಗೆಳತಿ ಜೊತೆ ಓಣಂನ ಪೂಕಳಕ್ಕೆ, ಅದೇ ಹೂವಿನ ರಂಗೋಲಿಗೆ, ಇದನ್ನೇ ಬುಟ್ಟಿ ತುಂಬ ಕೊಯ್ಯುತ್ತಿದ್ದೆ ಅಂತ ಶುರು ಮಾಡಿದವರು ವಾಪಸ್ ಜೀಪು ಹತ್ತುವವರೆಗೆ ನಿಲ್ಲಿಸಲಿಲ್ಲ, ಮಧ್ಯೆ ದೊಡ್ಡಪ್ಪನ ಕೊನೆಯ ರಾತ್ರಿಯ ವಿಷಯವೂ ಬಂತು, ನಾನು ಪಕ್ಕದಲ್ಲಿ ನೆಲ ನೋಡಿಕೊಂಡು ನಡೆಯುತ್ತಿದ್ದೆ ಅಷ್ಟೇ. ಮನೆಯಲ್ಲಿ ಕೇಳಿದ್ದರೆ ಹೇಳುತ್ತಿದ್ದರಾ? (ಆ ಗಿಡ ಮಣ್ಣಿನಡಿಯ ಪುಟ್ಟ ಚೀಲಗಳಲ್ಲಿ ಸಣ್ಣ ಜೀವಿಗಳನ್ನು ಹಿಡಿದು ತಿನ್ನುತ್ತದೆ ಅಂದರೆ ಮಾತ್ರ ನಂಬಲೇ ಇಲ್ಲ!)

ನಿಮಗೆ ಲೆಕ್ಕ ಬೇಕಲ್ವಾ, ಅದೂ ಇದೆ. ಇಂಗ್ಲೆಂಡಿನಲ್ಲಿ ಸುಮಾರು 20,000 ಜನರ ಉತ್ತರ ನೋಡಿದ ಅಧ್ಯಯನ 2019ರಲ್ಲಿ ಬಂತು. ವಾರಕ್ಕೆ 120 ನಿಮಿಷವಾದರೂ ಪಾರ್ಕು, ಕಾಡು, ಕಡಲ ತೀರ ಅಂತ ಹೊರಗೆ ಕಳೆದವರಲ್ಲಿ ಆರೋಗ್ಯ, ಮನಸ್ಸು ಚೆನ್ನಾಗಿದೆ ಅಂದವರು ಜಾಸ್ತಿ. ಒಂದೇ ಸಲ ಹೋದರೂ ತುಂಡು ತುಂಡಾಗಿ ಹೋದರೂ ಒಂದೇ. ಸ್ವಂತ ಮನೆಯ ತೋಟದ ಸಮಯ ಅವರು ಲೆಕ್ಕಕ್ಕೇ ಹಿಡಿದಿಲ್ಲ, ಹಾಗಾಗಿ ನಿಮ್ಮ ತಾರಸಿ ಕುಂಡಗಳಿಗೆ ಮಾರ್ಕಿಲ್ಲ. ಚೆನ್ನಾಗಿರುವವರೇ ಹೊರಗೆ ಹೋಗುತ್ತಾರೇನೋ ಅಂತ ವಾದ ಮಾಡುತ್ತೀರಿ, ಇರಬಹುದು. ನನಗೆ ಆ ದಿನದ ದೊಡ್ಡಮ್ಮ ಸಾಕು.

ಭಾನುವಾರ ಬೆಳಿಗ್ಗೆ 6ಕ್ಕೆ ಜೀಪು. ಅಡಿಕೆ ಸುಲಿಯುವುದು ಸೋಮವಾರಕ್ಕಿರಲಿ. ಮೇಲೆ ನೆರಳಿಲ್ಲ, ಕೊಡೆ ತನ್ನಿ. ಮಜ್ಜಿಗೆ ನೀರು ನನ್ನದು, ಅವಲಕ್ಕಿ ಅಕ್ಕ ಒಪ್ಪಿಕೊಂಡಿದ್ದಾಳೆ, ಅಂದರೆ ನೀವು ಬಾರದಿದ್ದರೆ ಮನೆಯಲ್ಲಿ ತಿಂಡಿಯೂ ಇಲ್ಲ.