ಜಲಂಧರ್ ಪಕ್ಕದ ಸಂಸಾರ್‌ಪುರಕ್ಕೆ ಹೋದವರು ಯಾರಾದರೂ ಇದ್ದೀರಾ?

ಗೋಣಿಕೊಪ್ಪದ ಹುಡುಗ:
ಮುಂದಿನ ತಿಂಗಳು ಮನೆಯವರೆಲ್ಲ ಅಮೃತಸರಕ್ಕೆ ಹೊರಟಿದ್ದೇವೆ. ದಾರಿಯಲ್ಲಿ ಜಲಂಧರ್‌ನಲ್ಲಿ ಇಳಿದು ಸಂಸಾರ್‌ಪುರ ನೋಡಲೇಬೇಕು ಅಂತ ಅಪ್ಪನ ಹಟ. ಒಂದೇ ಹಳ್ಳಿಯಿಂದ 14 ಜನ ಒಲಿಂಪಿಕ್ಸ್‌ನಲ್ಲಿ ಹಾಕಿ ಆಡಿದ್ದಾರಂತೆ. ಅದು ಹೇಗೆ? ಈಗ ಹೋದರೆ ಏನಾದರೂ ಕಾಣುತ್ತಾ, ಸುಮ್ನೆ ದಾರಿ ಸುತ್ತು ಆಗುತ್ತಾ?

ಮಾಜಿ ಸುಬೇದಾರ:
ಅಪ್ಪನ ಮಾತು ಕೇಳಿ. ಸೇನೆಯಲ್ಲಿದ್ದಾಗ ನನಗೆ ಜಲಂಧರ್ ಕಂಟೋನ್ಮೆಂಟ್‌ನಲ್ಲಿ ಪೋಸ್ಟಿಂಗ್ ಆಗಿತ್ತು. ಸಂಸಾರ್‌ಪುರ ಅದಕ್ಕೆ ಅಂಟಿಕೊಂಡೇ ಇದೆ. ಭಾನುವಾರ ಸೈಕಲ್ ಹತ್ತಿ ಹೋಗಿಬಿಡುತ್ತಿದ್ದೆ.

ನಿಮ್ಮ ‘ಹೇಗೆ’ಗೆ ಉತ್ತರ ಆ ಕಂಟೋನ್ಮೆಂಟೇ. ಅಲ್ಲಿನ ನೀರು, ಲಸ್ಸಿ, ರಕ್ತ ಅಂತೆಲ್ಲ ಜನ ಕಥೆ ಕಟ್ಟುತ್ತಾರೆ, ನಂಬಬೇಡಿ. ಹಾಕಿ ತಂದದ್ದು ಬ್ರಿಟಿಷ್ ಪಲ್ಟನ್‌ಗಳು. ಸಿಪಾಯಿಗಳ ಆಟ ನೋಡುತ್ತಾ ಊರಿನ ಹುಡುಗರೂ ಕೋಲು ಹಿಡಿದರು. ಹೆಸರು ಮಾಡಿದ ಆಟಗಾರರಲ್ಲಿ ಹೆಚ್ಚಿನವರು ಕುಲಾರ್ ಅನ್ನೋ ಒಂದೇ ಗೋತ್ರದ ಜಾಟ್ ಸಿಖ್ಖರು. ಚಿಕ್ಕಪ್ಪ ಆಡಿದ, ಅಣ್ಣ ಆಡಿದ, ಇನ್ನು ತಮ್ಮ ಬಿಡುತ್ತಾನಾ? ಚೆನ್ನಾಗಿ ಆಡಿದರೆ ಸೇನೆಯಲ್ಲೋ ಪೊಲೀಸಿನಲ್ಲೋ ನೌಕರಿ ಬೇರೆ. ಕೊಡಗಿನವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ ಬಿಡಿ.

1932ರ ಲಾಸ್ ಏಂಜಲಿಸ್‌ಗೆ ಹೋದ ಗುರ್ಮಿತ್ ಸಿಂಗ್ ಊರಿನ ಮೊದಲ ಒಲಿಂಪಿಕ್ ಆಟಗಾರ. ಆಮೇಲೆ ಬಂದ ಉಧಮ್ ಸಿಂಗ್ 1952ರಿಂದ 1964ರವರೆಗೆ ಮೂರು ಚಿನ್ನ, ಒಂದು ಬೆಳ್ಳಿ ಗೆದ್ದರು. ನನಗೆ ಇದಕ್ಕಿಂತ ಮಜಾ ಅನಿಸೋದು 1968ರ ಮೆಕ್ಸಿಕೊ. ಆ ಸಲ ಈ ಊರಿನ ಏಳು ಜನ ಆಡಿದರು: ಐವರು ಭಾರತಕ್ಕೆ, ಇಬ್ಬರು ಕೀನ್ಯಾಗೆ! ಪಂಜಾಬಿಗಳು ಬ್ರಿಟಿಷರ ಕಾಲದಲ್ಲೇ ಪೂರ್ವ ಆಫ್ರಿಕಾಕ್ಕೆ ಹೋಗಿ ನೆಲೆಸಿದ್ದರಲ್ಲ, ಆಟವನ್ನೂ ಜೊತೆಗೆ ಒಯ್ದಿದ್ದರು.

ಒಮ್ಮೆ ಸಂಜೆ ಮರದ ಕೆಳಗೆ ಮಂಜಿ, ಅಂದರೆ ಹಗ್ಗದ ಮಂಚ ಹಾಕಿಕೊಂಡು ನಾಲ್ಕೈದು ಮುದುಕರು ಕೂತಿದ್ದರು. ಯಾವೂರು ಅಂದರು. ಕೂರ್ಗ್ ಅಂದೆ. ಒಬ್ಬರು ಪೇಟ ಸರಿಮಾಡಿಕೊಂಡು, "ಗೋವಿಂದಾ?" ಅಂದರು. ನನ್ನ ಹೆಸರು ಕೇಳಿದ್ದು ಆಮೇಲೆ. 1975ರ ವಿಶ್ವಕಪ್ ಗೆದ್ದಾಗ ನಾಯಕ ಇದೇ ಊರಿನ ಅಜಿತ್ ಪಾಲ್ ಸಿಂಗ್, ತಂಡದಲ್ಲಿ ನಮ್ಮ ಬಿ.ಪಿ. ಗೋವಿಂದ. ನಿಮ್ಮಪ್ಪನ ಹಟಕ್ಕೂ ಅದೇ ಕಾರಣ ಇರಬೇಕು. ಮಾರುದ್ದದ ಸ್ಟೀಲ್ ಲೋಟದಲ್ಲಿ ಚಹಾ ಬಂತು, ಮೇಲೆ ದಪ್ಪ ಕೆನೆ. ಒಂದು ಲೋಟ ಮುಗಿಸೋದರೊಳಗೆ ಕ್ವಾಲಾಲಂಪುರದ ಫೈನಲ್ ಪೂರ್ತಿ ಆಡಿ ತೋರಿಸಿದರು.

ಆಮೇಲೆ ಏನಾಯ್ತು ಅಂದರೆ, 1976ರ ಮಾಂಟ್ರಿಯಲ್ ಒಲಿಂಪಿಕ್ಸ್‌ಗೆ ಕೃತಕ ಹುಲ್ಲು ಬಂತು. ಹುಲ್ಲಿನ ಮೈದಾನದಲ್ಲಿ ಬೆಳೆದ ಕೈಚಳಕಕ್ಕೆ ಬೆಲೆ ಇಳಿಯಿತು. ಅದಕ್ಕಿಂತ ಜಾಸ್ತಿ, ಊರಿನ ಹುಡುಗರು ಇಂಗ್ಲೆಂಡ್, ಕೆನಡಾ ಸೇರಿದರು. ಅರಮನೆಯಂಥ ಮನೆಗಳಿವೆ, ಎಷ್ಟೋ ಗೇಟಿಗೆ ಬೀಗ.

ಜಲಂಧರ್ ಕನ್ನಡತಿ:
ಸುಬೇದಾರರು ಹೇಳಿದ್ದು ಸರಿ, ಆದರೆ ಹಾಕಿ ಕಥೆ ಕೇಳುವಾಗ ಪಂಜಾಬಿನ ಹಳ್ಳಿ ಅಂದರೆ ಬರೀ ಜಾಟರದ್ದು ಅನಿಸಿಬಿಡುತ್ತೆ. 2011ರ ಜನಗಣತಿ ಪ್ರಕಾರ ಪಂಜಾಬಿನಲ್ಲಿ ಸುಮಾರು 32% ಜನ ಪರಿಶಿಷ್ಟ ಜಾತಿಯವರು. ಬೇರೆ ಯಾವ ರಾಜ್ಯದಲ್ಲೂ ಇಷ್ಟಿಲ್ಲ. ಹೊಲ ಮಾತ್ರ ಬಹುಪಾಲು ಜಾಟರ ಕೈಲಿ. ಇಲ್ಲೇ ಹತ್ತಿರದ ತಲ್ಹಣ್‌ಗೂ ಹೋಗಿ. ವೀಸಾ ಸಿಗಲಿ ಅಂತ ಅಲ್ಲಿನ ಗುರುದ್ವಾರಕ್ಕೆ ಜನ ಆಟಿಕೆ ವಿಮಾನ ಒಪ್ಪಿಸುತ್ತಾರೆ! ಎಲ್ಲರೂ ಅದರ ಫೋಟೊ ಹಾಕುತ್ತಾರೆ. ಅದೇ ಊರಲ್ಲಿ ಗುರುದ್ವಾರದ ಆಡಳಿತ ಸಮಿತಿಯಲ್ಲಿ ದಲಿತರಿಗೆ ಜಾಗ ಕೊಡೋ ವಿಷಯಕ್ಕೆ 2003ರಲ್ಲಿ ದೊಡ್ಡ ಗಲಾಟೆ ಆದದ್ದನ್ನು ಯಾರೂ ಹೇಳಲ್ಲ. ನೋಡೋದಾದರೆ ಎರಡೂ ತಿಳಿದು ನೋಡಿ.

ಗೋಣಿಕೊಪ್ಪದ ಹುಡುಗ:
ಇಬ್ಬರಿಗೂ ಥ್ಯಾಂಕ್ಸ್. ಅಪ್ಪನಿಗೆ ಓದಿ ಹೇಳಿದೆ. ಗೋವಿಂದ ಅಂದ ತಕ್ಷಣ ಕುರ್ಚಿ ಹತ್ತಿರ ಎಳೆದುಕೊಂಡರು. ಯಾವ ಹೊತ್ತಿಗೆ ಹೋದರೆ ಒಳ್ಳೇದು?

ಮಾಜಿ ಸುಬೇದಾರ:
ಕನ್ನಡತಿ ಅವರ ಮಾತು ಒಪ್ಪಿದೆ, ಆ ಗಲಾಟೆ ಪೇಪರಲ್ಲಿ ಓದಿದ್ದೆ. ಸಂಜೆ ನಾಲ್ಕರ ಮೇಲೆ ಹೋಗಿ, ಹುಡುಗರು ಮೈದಾನಕ್ಕೆ ಬರೋ ಹೊತ್ತು. ಏಪ್ರಿಲ್ ಮಧ್ಯ ಆದರೆ ಗೋಧಿ ಕೊಯ್ಲು, ಯಾರಿಗೂ ಪುರುಸೊತ್ತಿರಲ್ಲ. ಮನೆಗಳ ಫೋಟೊ ಕೇಳದೆ ತೆಗೀಬೇಡಿ. ಚಹಾ ಕೊಟ್ಟರೆ ಬೇಡ ಅನ್ನಬೇಡಿ.