ಸಹಾಯ ಬೇಕು: ಸಮಾನಾರ್ಥಕ ಪದ ಹಾಕುವಾಗ ವಾಕ್ಯ ಎಷ್ಟು ಬದಲಾಯಿಸಬಹುದು?

ಗುಂಪಿನ ಮಾಷ್ಟ್ರುಗಳಿಗೆ, ಟೀಚರುಗಳಿಗೆ ನಮಸ್ಕಾರ. ನಾವು ಕಾಸರಗೋಡು ಜಿಲ್ಲೆಯ ಬದಿಯಡ್ಕ ಕಡೆಯವರು. ಮಗಳು ಏಳನೇ ಕ್ಲಾಸು, ಕನ್ನಡ ಮಾಧ್ಯಮ. ಅವಳಿಗೆ ಕೊಟ್ಟ ಹಾಳೆಯಲ್ಲಿ ಇಷ್ಟೇ ಇದೆ: "ಗೆರೆ ಎಳೆದ ಪದಗಳಿಗೆ ಬದಲಾಗಿ ಸಮಾನಾರ್ಥಕ ಪದ ಬಳಸಿ. ಅರ್ಥ ಕೆಡಬಾರದು." ಉದಾಹರಣೆ ಒಂದೂ ಇಲ್ಲ.

ಮೊದಲ ವಾಕ್ಯ "ಸೂರ್ಯನು ಮೂಡಿದನು". ಗೆರೆ ಇರುವುದು "ಸೂರ್ಯನು" ಎಂಬುದಕ್ಕೆ ಮಾತ್ರ. "ರವಿಯು ಮೂಡಿದನು" ಎಂದರೆ ತೊಂದರೆಯೇ ಇಲ್ಲ. ಆದರೆ ಮಗಳಿಗೆ "ನೇಸರು" ಇಷ್ಟ. ಆಗ "ನೇಸರು ಮೂಡಿತು" ಅಂತಲೇ ಬರಬೇಕಲ್ವಾ? ಗೆರೆ ಇಲ್ಲದ ಕ್ರಿಯಾಪದವನ್ನೂ ಮುಟ್ಟಬಹುದಾ? ನನಗಂತೂ ಮುಟ್ಟಲೇಬೇಕು ಅನಿಸುತ್ತದೆ. ಇಲ್ಲದಿದ್ದರೆ ವಾಕ್ಯವೇ ತಪ್ಪಾಗುತ್ತದೆ.

ಇನ್ನೊಂದು, "ಸುಮ್ನೆ ನನ್ನ ತಲೆ ತಿನ್ನಬೇಡ". ಇಲ್ಲಿ "ತಲೆ"ಗೆ ಗೆರೆ. ಶಿರ, ಮಂಡೆ ಎರಡೂ ತಲೆಯೇ. ನಮ್ಮೂರಲ್ಲಿ "ಮಂಡೆ ತಿನ್ನಬೇಡ" ಎಂದರೆ ಯಾರಿಗೂ ಅರ್ಥವಾಗುತ್ತದೆ. "ಶಿರ ತಿನ್ನಬೇಡ" ಅಂತ ಯಾರೂ ಹೇಳುವುದಿಲ್ಲ. ನುಡಿಗಟ್ಟಿನ ಒಳಗಿನ ಪದ ಬದಲಿಸುವುದೇ ಸರಿಯಾ, ಅಥವಾ ಇಡೀ ನುಡಿಗಟ್ಟಿನ ಬದಲು "ಪೀಡಿಸಬೇಡ" ಎಂದು ಬರೆಯಬಹುದಾ?

ನೀರು ಹರಿಯುವ "ಹಳ್ಳ" ಎಂಬ ಪದ ಇರುವಲ್ಲಿ ಮಗಳು "ತೋಡು" ಬರೆದಿದ್ದಾಳೆ. ನಾವು ದಿನಾ ಹೇಳುವುದೇ ಹಾಗೆ. ಅದನ್ನು ಅಳಿಸು ಅನ್ನಲು ಮನಸ್ಸಿಲ್ಲ. ಕನ್ನಡ ಪಾಠದಲ್ಲಿ ನಮ್ಮ ಊರಿನ ಪದಕ್ಕೂ ಜಾಗ ಬೇಕು. ಆದರೆ ಮಾರ್ಕು ಹೋಗಬಾರದು.

ಹಾಳೆ ಸೋಮವಾರ ಕೊಡಬೇಕು. ಇಂಥ ಉತ್ತರಗಳನ್ನು ತಿದ್ದಿ ಅನುಭವ ಇರುವವರು ದಯವಿಟ್ಟು ಹೇಳಿ. ಕಾರಣವನ್ನೂ ಬರೆದರೆ ಮಗಳಿಗೆ ತಿಳಿಸಲು ಸುಲಭ.